ಭಾವ ಮಲಗಿದ್ದ ಹೊತ್ತು

ನಮ್ಮ ಭಾವನಷ್ಟು ಕನಸು ಕಾಣುವ ಮನುಷ್ಯನನ್ನು ನಾನಂತೂ ನೋಡಿಲ್ಲ. ಬೆಳಗ್ಗೆ ಚಹಾ ಕುಡಿಯುತ್ತ, "ರಸ್ತೆ ನೀರಿನ ಮೇಲೇ ಹೋಗ್ತಿತ್ತು ಕಣೇ, ಗಾಡಿ ಸದ್ದೇ ಮಾಡ್ತಿರಲಿಲ್ಲ" ಅಂತ ಅಕ್ಕನಿಗೆ ಹೇಳುವರು. "ಟೋಲ್ ಕಟ್ಟಿದ್ರಾ?" ಅಂತ ಅಕ್ಕ ಕೇಳುವಳು. ಅವರ ಮನೆಯ ಮಹಡಿ ಕೋಣೆಯಲ್ಲಿದ್ದ ನನಗೆ ಈ ಗಂಡಹೆಂಡಿರ ಹುಚ್ಚಾಟ ಕೇಳಿ ಕೇಳಿ ತಲೆ ಚಿಟ್ಟು ಹಿಡಿಯುತ್ತಿತ್ತು.

ಗಾಡಿ ಹತ್ತಿದರೆ ಮಾತ್ರ ಬೇರೆಯೇ ಮನುಷ್ಯ. ಬಾಡಿಗೆಗೆ ಸಾಮಾನು ಸಾಗಿಸುವ ಸಣ್ಣ ಲಾರಿ ಅವರದು. ಅಂದರೆ ಮಾಲೀಕರದು, ಓಡಿಸುವವರು ಇವರು. ಸಾಮಾನು ತುಂಬುವಾಗ ಡ್ರೈವರಾದವನು ಪಕ್ಕದಲ್ಲೇ ನಿಂತು ಒಂದೊಂದು ಪೆಟ್ಟಿಗೆಯನ್ನೂ ಕೈಯಿಂದ ತಟ್ಟಿ ಒಳಗೆ ಬಿಡಬೇಕು. ಅದು ಅವರ ಪಾಲಿಗೆ ವ್ರತ ಇದ್ದ ಹಾಗೆ. ಹಾಗೆ ನಿಲ್ಲದವರನ್ನು ಕಂಡರೆ, "ಅವನೂ ಒಬ್ಬ ಡ್ರೈವರ್ರಾ?" ಅಂತ ಮೂಗು ಮುರಿಯುವರು.

ಈ ಜಂಬವೇ ಅವರನ್ನು ತಿಂದುಹಾಕಿತು. ಒಂದು ಮಧ್ಯಾಹ್ನ ಊರಾಚೆ ಪೊಲೀಸರು ಲಾರಿ ತಡೆದರು. "ಗಾಡೀಲಿ ಏನಿದೆ ಅಂತ ಗೊತ್ತೇನೋ ನಿಂಗೆ?" ಅಂತ ಅಧಿಕಾರಿ ಕೇಳಿದರಂತೆ. ಇವರು ಎದೆ ಉಬ್ಬಿಸಿಕೊಂಡು, "ನನ್ನ ಗಾಡೀಲಿರೋದು ನಂಗೆ ಗೊತ್ತಿಲ್ದೆ ಇರುತ್ತಾ ಸಾರ್? ಒಂದೊಂದು ಪೆಟ್ಟಿಗೆನೂ ತಟ್ಟಿ ಹಾಕ್ಸಿದೀನಿ" ಅಂದುಬಿಟ್ಟರು. ಪೊಲೀಸರು ಅದನ್ನು ಬರೆದುಕೊಂಡರು. ಆಮೇಲೆ ಪೆಟ್ಟಿಗೆ ಒಡೆಸಿದರೆ, ಟೈಲ್ಸ್ ನಡುವೆ ಮೂರು ಪೆಟ್ಟಿಗೆ ತುಂಬ ಮಾದಕ ಪುಡಿ. ಯಾರಾದರೂ ಹೀಗೆ ತಮ್ಮ ಕುತ್ತಿಗೆಗೆ ತಾವೇ ಹಗ್ಗ ಹಾಕಿಕೊಳ್ಳುತ್ತಾರಾ?

ನಾಲ್ಕು ದಿನಕ್ಕೆ ಬೇಲ್ ಸಿಗುತ್ತದೆ ಅಂದುಕೊಂಡಿದ್ದೆವು. ವಕೀಲಮ್ಮ ನಮ್ಮಿಬ್ಬರನ್ನೂ ಕೂರಿಸಿಕೊಂಡು ಬಿಡಿಸಿ ಹೇಳಿದರು. "ಬೇರೆ ಕೇಸಲ್ಲಿ ಇವರನ್ನ ಯಾಕೆ ಒಳಗಿಡಬೇಕು ಅಂತ ಸರ್ಕಾರದವರು ಹೇಳಬೇಕು. ಇಷ್ಟು ದೊಡ್ಡ ಪ್ರಮಾಣದ ಡ್ರಗ್ಸ್ ಸಿಕ್ಕಿದ್ರೆ ಹಾಗಲ್ಲಮ್ಮ. ಈತ ತಪ್ಪು ಮಾಡಿರಲಿಕ್ಕಿಲ್ಲ ಅಂತ ನಂಬೋಕೆ ಜಡ್ಜಿಗೆ ಗಟ್ಟಿ ಕಾರಣ ಕಾಣಬೇಕು. ಹೊರಗೆ ಬಿಟ್ರೆ ಮತ್ತೆ ಇಂಥದ್ದಕ್ಕೆ ಕೈ ಹಾಕಲ್ಲ ಅಂತಲೂ ಅನ್ನಿಸಬೇಕು. ಎರಡರಲ್ಲಿ ಒಂದು ತಪ್ಪಿದ್ರೂ ಬೇಲ್ ಇಲ್ಲ."

"ಅವರಿಗೆ ಏನೂ ಗೊತ್ತಿರಲಿಲ್ಲ ಮೇಡಂ" ಅಂದಳು ಅಕ್ಕ.

"ನಮ್ಮ ವಾದವೂ ಅದೇ. ಆದ್ರೆ ಅವರೇ ಗೊತ್ತು ಅಂದಿದಾರಲ್ಲ."

ಆ ಒಂದು ಮಾತಿನಿಂದಲೇ ಮೊದಲನೇ ಅರ್ಜಿ ಬಿದ್ದುಹೋಯಿತು.

ಆಮೇಲೆ ಅಕ್ಕ ನೆಲದ ಮೇಲೆ ನಡೆಯುತ್ತಿದ್ದಳೋ ಗಾಳಿಯಲ್ಲೋ, ನನಗೇ ಗೊತ್ತಾಗುತ್ತಿರಲಿಲ್ಲ. ಹಾಲು ಕಾಯಿಸಲಿಟ್ಟು ಕಿಟಕಿಯ ಹತ್ತಿರ ನಿಂತರೆ ಹಾಲು ಉಕ್ಕಿ ನೆಲಕ್ಕೆ ಹರಿದರೂ ಅಲ್ಲೇ. ಬೀದಿಯಲ್ಲಿ ಲಾರಿ ಸದ್ದಾದರೆ ಇನ್ನೊಂದು ತಟ್ಟೆ ಹಾಕುವಳು. ಬೈಯೋಣ ಅಂತ ಬಾಯಿ ತೆರೆದರೆ, ನನಗೂ ಮೆಟ್ಟಿಲ ಮೇಲೆ ಭಾವನ ಚಪ್ಪಲಿ ಸದ್ದು ಕೇಳಿಸಿದ ಹಾಗಾಗುತ್ತಿತ್ತು. ಮನೆಯೇ ನೀರಿನೊಳಗೆ ಮುಳುಗಿದಂತೆ, ಎಲ್ಲ ನಿಧಾನ, ಎಲ್ಲ ದೂರ. ಅವರಿಲ್ಲದ ಮನೆಯಲ್ಲಿ ನನಗೆ ಭಯವಾಗುತ್ತಿತ್ತು.

ಇನ್ನೊಮ್ಮೆ ಅರ್ಜಿ ಹಾಕುವ ಮುಂಚೆ ವಕೀಲಮ್ಮನ ಜೊತೆ ಜೈಲಿಗೆ ಹೋದೆವು. "ಸಾಮಾನು ತುಂಬುವಾಗ ನೀವು ಅಲ್ಲಿ ನಿಂತಿದ್ದನ್ನ ಯಾರು ನೋಡಿದಾರೆ?" ಅಂತ ಅವರು ಕೇಳಿದರು. ಭಾವ ಗೋಡೆ ನೋಡಿದರು. ನನಗೆ ರೇಗಿಹೋಯಿತು.

"ಭಾವ, ಬಾಯಿಗೆ ಬೀಗ ಹಾಕ್ಕೊಂಡಿದೀರಾ?"

"ನಾನು ನಿಂತಿರಲಿಲ್ಲ," ಅಂದರು ಕೊನೆಗೆ. "ಮಲಗಿಬಿಟ್ಟಿದ್ದೆ. ಎರಡು ರಾತ್ರಿಯಿಂದ ಗಾಡೀಲೇ ಇದ್ದೆ. ಐದು ನಿಮಿಷ ಅಂತ ಒರಗಿದೆ, ಎದ್ದಾಗ ಹಿಂದಿನ ಬಾಗಿಲು ಹಾಕಿಬಿಟ್ಟಿದ್ರು. ಇದನ್ನ ಯಾರಿಗೂ ಹೇಳಬೇಡಿ ಮೇಡಂ. ಮಾಲೀಕರ ಕಿವಿಗೆ ಬಿದ್ರೆ ಇನ್ಯಾರೂ ನನ್ನ ಕೈಗೆ ಗಾಡಿ ಕೊಡಲ್ಲ."

ಜೈಲಲ್ಲಿ ಕೂತು ಮರ್ಯಾದೆಯ ಚಿಂತೆ! ನನಗೆ ಮೈಯೆಲ್ಲ ಉರಿಯಿತು. ವಕೀಲಮ್ಮ ಮಾತ್ರ ಸಮಾಧಾನವಾಗಿ, ಸಾಮಾನು ತುಂಬಿದ ಗೋದಾಮಿನ ಎದುರಿಗೆ ಏನಿದೆ ಅಂತ ಕೇಳಿದರು. ಎದುರಿಗೆ ಐಸ್ ಫ್ಯಾಕ್ಟರಿ ಇತ್ತು, ಅದರ ಗೇಟಿಗೆ ಕ್ಯಾಮೆರಾ ಇತ್ತು. ನಮ್ಮ ಪುಣ್ಯ, ಆ ದಿನದ ದೃಶ್ಯ ಇನ್ನೂ ಅಳಿಸಿರಲಿಲ್ಲ.

ಕೋರ್ಟಿನಲ್ಲಿ ಅದನ್ನು ಪರದೆಯ ಮೇಲೆ ಹಾಕಿದರು. ಸದ್ದಿಲ್ಲ. ಮರದ ನೆರಳಲ್ಲಿ ಗೋಣಿಚೀಲದ ಮೇಲೆ ಭಾವ ಮಲಗಿದ್ದಾರೆ, ಬಾಯಿ ತೆರೆದುಕೊಂಡು. ಎಲೆಗಳ ನೆರಳು ಅವರ ಮುಖದ ಮೇಲೆ ಆಡುತ್ತಿದೆ. ಹಮಾಲರು ಪೆಟ್ಟಿಗೆ ಹೊತ್ತು ಹೋಗುತ್ತಾರೆ, ಬರುತ್ತಾರೆ. ಒಬ್ಬ ಬಂದು ಅವರ ಕಣ್ಣ ಮುಂದೆ ಕೈ ಆಡಿಸಿ ನೋಡಿದ. ಆಮೇಲೆ ಒಂದು ವ್ಯಾನ್ ಬಂತು, ಅದರಿಂದ ಮೂರು ಪೆಟ್ಟಿಗೆ ಇಳಿದವು. ಭಾವನ ಕಾಲು ಲಾರಿಗೆ ಹೋಗುವ ದಾರಿಗೆ ಅಡ್ಡವಿತ್ತು. ಕೈ ಆಡಿಸಿದ್ದವನೇ ಎರಡೂ ಕಾಲು ಎತ್ತಿ ಪಕ್ಕಕ್ಕಿಟ್ಟ. ಭಾವನಿಗೆ ಎಚ್ಚರವೇ ಆಗಲಿಲ್ಲ. ನೋಡುತ್ತ ನೋಡುತ್ತ ನಾನೂ ಆ ನೆರಳಲ್ಲಿ ಎಲ್ಲೋ ಕೂತಿದ್ದೇನೆ ಅನ್ನಿಸಿತು.

"ನಟನೆಯೂ ಇರಬಹುದು" ಅಂದರು ಸರ್ಕಾರಿ ವಕೀಲರು. ಜಡ್ಜು ಕಾಲು ಎತ್ತಿಟ್ಟ ಭಾಗವನ್ನು ಮತ್ತೊಮ್ಮೆ ಹಾಕಿಸಿದರು. ಮಲಗಿದ್ದಾಗ ಬಂದ ಪೆಟ್ಟಿಗೆ ಇವನಿಗೆ ಗೊತ್ತಿತ್ತು ಅಂತ ಈಗಲೇ ಹೇಳಲಾಗದು, ಹಿಂದೆ ಒಂದು ಕೇಸೂ ಇಲ್ಲ, ಅಂದರು. ಇದು ಬಿಡುಗಡೆಯಲ್ಲ, ವಿಚಾರಣೆ ನಡೆದೇ ನಡೆಯುತ್ತದೆ, ವಾರಕ್ಕೊಮ್ಮೆ ಠಾಣೆಗೆ ಬಂದು ಸಹಿ ಹಾಕಬೇಕು ಅಂತಲೂ ಹೇಳಿದರು. ಬೇಲ್ ಆಯಿತು.

ಮಾರನೇ ಸಂಜೆ ಜೈಲಿನ ಗೇಟಿನಿಂದ ಭಾವ ತಲೆ ತಗ್ಗಿಸಿಕೊಂಡೇ ಬಂದರು.

"ಎಲ್ರೂ ನೋಡಿದ್ರಾ?" ಅಂದರು.

"ಎಲ್ರೂ ನೋಡಿದ್ರು. ನಾನೂ ನೋಡಿದೆ," ಅಂದಳು ಅಕ್ಕ. ಅಷ್ಟು ದಿನ ಗಟ್ಟಿಯಾಗಿದ್ದ ಅವಳ ದನಿ ಒಡೆಯಿತು. "ಬೇರೆಯವರು ಕಾಲು ಎತ್ತಿಟ್ರೂ ಎಚ್ಚರ ಆಗಲಿಲ್ವಲ್ರೀ ನಿಮಗೆ. ಅಷ್ಟು ಸುಸ್ತಾಗ್ತಿತ್ತು ಅಂತ ನನ್ನ ಹತ್ರ ಒಂದು ದಿನವಾದ್ರೂ ಯಾಕೆ ಹೇಳಲಿಲ್ಲ?"

ಭಾವ ಅಲ್ಲೇ ಗೇಟಿನ ಪಕ್ಕದ ಕಟ್ಟೆಯ ಮೇಲೆ ಕೂತು ಅತ್ತುಬಿಟ್ಟರು. ಅಕ್ಕ ಅವರ ಪಕ್ಕ ಕೂತಳು. ನಾನು ಆಟೋ ತರುತ್ತೇನೆ ಅಂತ ಹೇಳಿ ಆಚೆ ಹೋದೆ.