ಸೆರಗಿನ ಮೂಲೆಯ ಕೆಂಪಕ್ಷರ

ನಮ್ಮ ಅತ್ತೆ ಪದ್ಮವ್ವ ಎಚ್ಚರವಿದ್ದಾಗಲೂ ಅರ್ಧ ಕನಸಿನಲ್ಲೇ ಇರುತ್ತಿದ್ದರು. ಕಣ್ಣೆದುರಿಗೇ ಹಾಲು ಉಕ್ಕಿ ಒಲೆ ಆರಿದರೂ ಗೊತ್ತಾಗುತ್ತಿರಲಿಲ್ಲ. ಸಾವಿರದ ಒಂಬೈನೂರ ಇಪ್ಪತ್ತೈದನೇ ಇಸವಿಯಲ್ಲಿ ನಾನು ಬೆಳಗಾವಿಯ ನೇಕಾರರ ಕೇರಿ ವಡಗಾವಿಯ ಆ ಮನೆಗೆ ಸೊಸೆಯಾಗಿ ಬಂದೆ. ಹಾಲು ಕಾಯುವ ಕೆಲಸ ಮೊದಲ ದಿನದಿಂದಲೇ ನನ್ನ ಪಾಲಿಗೆ ಬಂತು.

ಮಗ್ಗದ ಮುಂದೆ ಮಾತ್ರ ಅವರು ಬೇರೆಯೇ ಹೆಂಗಸು. ಸೀರೆಯ ಒಡಲನ್ನು ಮಾವ ಬಸಲಿಂಗಪ್ಪ ನೇಯುತ್ತಿದ್ದರು. ಸೆರಗು ಬಂತೆಂದರೆ ಎದ್ದು ಜಾಗ ಬಿಡುತ್ತಿದ್ದರು. ಅತ್ತೆ ಮಗ್ಗದ ಕುಣಿಯಲ್ಲಿ ಕಾಲಿಳಿಬಿಟ್ಟು ಕುಳಿತು, ಬೆರಳಿನಿಂದ ಒಂದೊಂದೇ ಎಳೆ ಎತ್ತಿ, ಸೆರಗಿನ ಮೂಲೆಯಲ್ಲಿ ಇಂಗ್ಲಿಷ್ ಅಕ್ಷರಗಳ ಒಂದು ಸಣ್ಣ ಸಾಲು ಕೂರಿಸುತ್ತಿದ್ದರು. ಎಲ್ಲವೂ ಹಸಿರು, ಕೊನೆಯದೊಂದೇ ಕೆಂಪು. ಅವರಿಗೆ ಇಂಗ್ಲಿಷ್ ಹಾಗಿರಲಿ, ಕನ್ನಡವೂ ಓದಲು ಬರುತ್ತಿರಲಿಲ್ಲ.

ಅದರ ಕಥೆ ನನಗೆ ಸಿಕ್ಕಿದ್ದು ತುಂಡು ತುಂಡಾಗಿ, ಮಧ್ಯಾಹ್ನ ಇಬ್ಬರೂ ಕಂಡಿಕೆಗೆ ನೂಲು ಸುತ್ತುವಾಗ. ಹೊರಗೆ ಮಗ್ಗಗಳ ಸದ್ದಿಗೆ ಇಡೀ ಓಣಿ ತೂಕಡಿಸುತ್ತಿರುತ್ತಿತ್ತು. ಅತ್ತೆ ಹುಡುಗಿಯಾಗಿದ್ದಾಗ ಇಂಗ್ಲಿಷರ ದಂಡಿನ ಕ್ಯಾಂಪಿನ ಒಂದು ಬಂಗಲೆಯಲ್ಲಿ ಮುದುಕಿ ದೊರೆಸಾನಿಯೊಬ್ಬಳು ಓಣಿಯ ಹೆಣ್ಣುಮಕ್ಕಳಿಗೆ, ಹಿಂಬದಿಯಲ್ಲೂ ಗಂಟು ಕಾಣದ ಹಾಗೆ, ಹೊಲಿಗೆ ಕಲಿಸುತ್ತಿದ್ದಳಂತೆ. ಗೋಡೆಯ ಮೇಲೆ, ಗಾಜಿನ ಹಿಂದೆ, ಆಕೆಯ ಅಜ್ಜಿಯ ಅಜ್ಜಿ ಕಸೂತಿ ಹಾಕಿದ ಬಟ್ಟೆ. ಅದರ ಕೆಳಗಿದ್ದ ಇಂಗ್ಲಿಷ್ ಸಾಲನ್ನು ನೋಡಿಕೊಂಡು ಪದ್ಮವ್ವ ಮತ್ತು ಆಕೆಯ ಗೆಳತಿ ಕಾಂತಾ ಒಂದೇ ಬಟ್ಟೆಯ ಎರಡು ತುದಿ ಹಿಡಿದು ಹೊಲಿದರು. ಕೊನೆಯ ಅಕ್ಷರಕ್ಕೆ ಹಸಿರು ದಾರ ಸಾಲಲಿಲ್ಲ. ಕಾಂತಾ ತನ್ನ ಜಡೆಯ ಕೆಂಪು ಗೊಂಡೆಯಿಂದ ಒಂದು ಎಳೆ ಎಳೆದು ಮುಗಿಸಿದಳು.

ಆ ಬೇಸಿಗೆಯಲ್ಲೇ ಕಾಂತಾಳ ಮದುವೆಯಾಯಿತು. ಖಾನಾಪುರದ ಆಚೆ ಯಾವುದೋ ಊರು. ತಂದೆ ಇರಲಿಲ್ಲ, ತಾಯಿಯೂ ಮಗಳ ಜೊತೆಗೇ ಹೋಗಿ ಅಲ್ಲೇ ಉಳಿದಳು. ವಡಗಾವಿಗೆ ಬರಲು ಅವಳಿಗೆ ತವರೇ ಉಳಿಯಲಿಲ್ಲ.

“ನೀವರ ಹುಡಕ್ಯಾಡಕೊಂಡು ಹೋಗಬೇಕಿತ್ತಲ್ರಿ, ಅತ್ತಿ?” ಎಂದು ಕೇಳಿದೆ.

“ಏನಂತ ಹೋಗಲವಾ? ತವರಿಗೆ ಹೋಗಬಹುದು, ಬೀಗರಲ್ಲಿಗೆ ಹೋಗಬಹುದು, ಯಾರರ ಸತ್ರ ಮಣ್ಣಿಗೆ ಹೋಗಬಹುದು. ಗೆಳತಿ ಅದಾಳಂತ ಯಾರರ ಊರು ಬಿಟ್ಟು ಹೋಗ್ತಾರೇನು?”

ಅದಕ್ಕೇ ಅವರು ಸೀರೆ ಕಳಿಸುತ್ತಿದ್ದರು. ಖಾನಾಪುರದ ವ್ಯಾಪಾರಿ ತಮ್ಮಣ್ಣ ನಮ್ಮ ಮಾಲು ಕೊಂಡು ಸಂತೆಯಿಂದ ಸಂತೆಗೆ ಒಯ್ಯುತ್ತಿದ್ದ. ಎಲ್ಲೋ ಒಂದು ಸೆರಗು ಕಾಂತಾಳ ಕಣ್ಣಿಗೆ ಬಿದ್ದೀತು ಎಂಬುದೊಂದೇ ಆಸೆ. ಗಂಟು ಹೊತ್ತು ಅವನು ಹೊರಟರೆ ಅತ್ತೆಯ ಮನಸ್ಸೂ ಅದರ ಹಿಂದೆಯೇ ಹೋಗುತ್ತಿತ್ತು. ಆವತ್ತು ಸಾರಿಗೆ ಉಪ್ಪಿರುತ್ತಿರಲಿಲ್ಲ. ಆದರೆ ಯಾರ ಮಗ್ಗದ ಸೀರೆ ಎಂದು ತಮ್ಮಣ್ಣ ಸತ್ತರೂ ಬಾಯಿಬಿಡುವವನಲ್ಲ. ಗಿರಾಕಿ ನೇರವಾಗಿ ನೇಕಾರನ ಮನೆಗೆ ಬಂದರೆ ವ್ಯಾಪಾರಿಯ ಹೊಟ್ಟೆಯ ಗತಿ ಏನು?

ಮರುವರ್ಷ ಅವನು ಹೊಸ ರಾಗ ತೆಗೆದ.

“ನಮ್ಮ ಪಂಢರಿನಾಥ ವಕೀಲರು ಇದನ್ನ ಓದಿದ್ರು. ‘ಆಕಿಯ ಕೈಗೆಲಸ’ ಅಂತ ಅರ್ಥ ಅಂತ್ರಿ. ಆದ್ರ ಕೊನೀಗಿನ ಆ ಕೆಂಪ ‘ಇ’ ಅಕ್ಷರ ಹೆಚ್ಚಿಂದು, ಓದೂದರಾಗ ಬರಾಂಗಿಲ್ಲ. ಇಂಗ್ಲಿಷರ ಮುತ್ಯಾನ ಮುತ್ಯಾ ಹಂಗ ಬರೀತಿದ್ದ. ಈಗ ಅಂಥಾವು ಮನಿತನದ ಹೆಸರಿನಾಗ, ಹಳೇ ಅಂಗಡಿ ಬೋರ್ಡಿನ ಮ್ಯಾಲ ಅಷ್ಟ ಉಳದಾವಂತ. ಕಲತ ಮಂದಿ ನಗ್ತಾರ. ಅದನ್ನ ಬಿಡ್ರಿ, ಇಲ್ಲಂದ್ರ ನನಗ ನಿಮ್ಮ ಮಾಲ ಬ್ಯಾಡ.”

ದೊರೆಗಳೂ ನಮ್ಮಂತೆಯೇ ಹಳೆಯ ಪಾತ್ರೆಯನ್ನು ಎಸೆಯಲಾರದೆ ಅಟ್ಟದ ಮೇಲಿಡುತ್ತಾರಲ್ಲ ಎಂದು ನನಗೆ ನಗು ಬಂತು. ಅತ್ತೆಯ ಮುಖ ನೋಡಿ ನಗು ನಿಂತಿತು.

“ಅದನ್ನ ತಗದ್ರ ಕಾಂತಾ ನನ್ನ ಗುರುತ ಹೆಂಗ ಹಿಡೀಬೇಕು?” ಎಂದರು.

ಇಷ್ಟು ವರ್ಷ ಸಂಸಾರ ಮಾಡಿದ ಮಾವ ಆ ಹೆಸರು ಕೇಳಿದ್ದು ಅಂದೇ. ಅವರು ಕೆಟ್ಟವರಲ್ಲ. “ಮಗ್ಗ ನಿಂತ್ರ ಉಣ್ಣೂದೇನು?” ಎಂದಷ್ಟೇ ಹೇಳಿ, ಅಂದಿನಿಂದ ಸೆರಗನ್ನೂ ತಾವೇ ನೇಯ್ದರು. ಹಸಿರು ಸಾಲು ಉಳಿಯಿತು, ಕೆಂಪು ಹೋಯಿತು. ಅತ್ತೆ ಮತ್ತೆ ಕುಣಿಗೆ ಇಳಿಯಲಿಲ್ಲ. ಹೊಸ್ತಿಲ ಮೇಲೆ ಕುಳಿತು ಓಣಿಯ ತುದಿ ನೋಡುತ್ತಿದ್ದರು. ನನಗೆ ಮಾವನ ಮೇಲೂ ತಮ್ಮಣ್ಣನ ಮೇಲೂ ಸಿಟ್ಟಿತ್ತು, ಕಂಡೇ ಇರದ ವಕೀಲರ ಮೇಲಂತೂ ಹೇಳತೀರದಷ್ಟು.

ದೀಪಾವಳಿ ಮುಗಿದ ಮೇಲೆ ತಮ್ಮಣ್ಣ ಬಂದ. ಬಗಲಲ್ಲಿ ನಮ್ಮದೇ ಒಂದು ಸೀರೆ.

“ಖಾನಾಪುರದ ಆಚಿ ಬೀಡಿ ಅನ್ನೂ ಊರಾಗಿನ ಒಬ್ಬಾಕಿ ವಾಪಸ ಕೊಟ್ಟಾಳ್ರಿ. ಎಷ್ಟೋ ವರ್ಷ ಆತು, ಈ ಸೀರಿ ಬಿಟ್ಟು ಬ್ಯಾರೆ ಮುಟ್ಟಾಂಗಿಲ್ಲ. ಯಾರು ನೇಯ್ತಾರ, ಯಾರು ನೇಯ್ತಾರ ಅಂತ ನನ್ನ ತಲಿ ತಿಂತಿದ್ಲು. ಈ ಸಲ ಸೆರಗ ನೋಡಿ ಗಾಬರಿ ಆದ್ಲು. ‘ನೇಯ್ದಾಕಿಗೆ ಆರಾಮ ಇಲ್ಲೇನು? ಅರ್ಧಕ್ಕ ಬಿಟ್ಟಾಳ. ಇದನ್ನ ಆಕಿ ಕೈಯಾಗ ಕೊಡ್ರಿ’ ಅಂದ್ಲು.”

ಅತ್ತೆ ಸೆರಗು ಬಿಚ್ಚಿದರು. ಹಸಿರು ಸಾಲಿನ ತುದಿಯಲ್ಲಿ ಕೆಂಪಕ್ಷರವಿತ್ತು. ಮಗ್ಗದ್ದಲ್ಲ, ಸೂಜಿಯದು. ತಿರುವಿ ನೋಡಿದರು, ಹಿಂದೆಯೂ ಒಂದು ಗಂಟಿರಲಿಲ್ಲ. ಅದರ ಮೇಲೆ ಹೆಬ್ಬೆರಳಾಡಿಸುತ್ತ ಬಹಳ ಹೊತ್ತು ಕುಳಿತರು. ಒಲೆಯ ಮೇಲೆ ಹಾಲು ಉಕ್ಕಿತು. ಆ ದಿನ ಅದು ನನಗೂ ಕಾಣಲಿಲ್ಲ, ಕಣ್ಣು ತುಂಬಿತ್ತು.

ಆಮೇಲೆ ಅವರು ಸೀರೆ ಮಡಚಿ, ಒಗೆದ ಪಂಚೆಯಲ್ಲಿ ಗಂಟು ಕಟ್ಟಿ ಎದ್ದರು.

“ಎಲ್ಲಿಗೆ ಹೊಂಟಿ?” ಮಾವ ಕೇಳಿದರು.

“ಬೀಡಿಗೆ.”

“ಏನಂತ ಹೋಗ್ತಿ?”

“ಆಕಿ ಸೀರಿ ಆಕಿಗೆ ಮುಟ್ಟಸಬೇಕಲ್ಲ,” ಎಂದರು ಅತ್ತೆ.