ನಾಲ್ಕು ಮೊಹರಿನ ಬಿ.ಎಡ್.

ಪ್ರಮಾಣಪತ್ರದ ಬೆನ್ನಿಗೆ ಬೀಳುವ ಮೊಹರು ಅದರ ಮೇಲಿನ ಸಹಿ ಅಸಲಿ ಎಂದಷ್ಟೇ ಹೇಳುತ್ತದೆ. ಆ ಓದಿಗೆ ಮಾನ್ಯತೆ ಇದೆಯೋ ಇಲ್ಲವೋ ಎಂದು ಮೊಹರು ಒತ್ತುವವನು ನೋಡುವುದಿಲ್ಲ. ಗಲ್ಫಿಗೆ ವಿಮಾನ ಹತ್ತುವ ಪ್ರತಿಯೊಬ್ಬರಿಗೂ ಗೊತ್ತಿರಬೇಕಾದ ಮಾತು. ಮಸ್ಕತ್ತಿನಲ್ಲಿ ಹದಿನಾರು ವರ್ಷ ಗಣಿತ ಕಲಿಸಿದ ಸೌಮ್ಯಶ್ರೀಗೆ ಗೊತ್ತಿರಲಿಲ್ಲ.

ಊರು ಕಾರ್ಕಳದ ಹತ್ತಿರ. ಮನೆ ಮಸ್ಕತ್ತಿನ ಅಲ್ ಹೈಲ್‌ನಲ್ಲಿ, ನೌಕರಿ ಅಲ್ಲೇ ಸಮೀಪದ ಭಾರತೀಯ ಪಠ್ಯದ ಶಾಲೆಯೊಂದರಲ್ಲಿ. ಮಕ್ಕಳಿಗೆ ಭಿನ್ನರಾಶಿ ತಲೆಗೆ ಹೋಗಲಿ ಎಂದು ಖುಬ್ಬೂಸ್ ರೊಟ್ಟಿ ಹರಿದು ತೋರಿಸುವ ಉಪಾಯ ಅವಳದೇ. ಆರು ವರ್ಷದ ಹಿಂದೆ ಪುತ್ತೂರಿನಿಂದ ಪ್ರಣೀತಾ ಹೊಸ ಟೀಚರಾಗಿ ಬಂದಾಗ ಪಾಠದ ಟಿಪ್ಪಣಿ ಬರೆಯುವುದರಿಂದ ಹಿಡಿದು ಜಗಳಕ್ಕೆ ಬರುವ ಅಪ್ಪಂದಿರನ್ನು ಸಮಾಧಾನ ಮಾಡಿ ಕಳಿಸುವವರೆಗೆ ಎಲ್ಲ ಹೇಳಿಕೊಟ್ಟವಳೂ ಅವಳೇ.

ಈ ವರ್ಷ ಪ್ರಾಥಮಿಕ ವಿಭಾಗದ ಸೂಪರ್‌ವೈಸರ್ ಹುದ್ದೆ ಖಾಲಿಯಾಯಿತು. ಸೌಮ್ಯಶ್ರೀ ಅರ್ಜಿ ಹಾಕಿದಳು. ಪ್ರಣೀತಾಳೂ ಹಾಕಿದಳು. ಅವತ್ತಿನಿಂದ ಸೌಮ್ಯಶ್ರೀಗೆ ಪ್ರಣೀತಾಳ ನಗು ಸೇರಲಿಲ್ಲ, ಪ್ರಿನ್ಸಿಪಾಲರ ಎದುರು ತಡವರಿಸದ ಅವಳ ಇಂಗ್ಲಿಷ್ ಸೇರಲಿಲ್ಲ. ತಾನು ನಾಲ್ಕು ಸಲ ಫೇಲಾದ ಡ್ರೈವಿಂಗ್ ಟೆಸ್ಟಿನಲ್ಲಿ ಅವಳು ಮೊದಲ ಸಲಕ್ಕೇ ಪಾಸಾದದ್ದು, ಹಳೇ ಸಂಗತಿ, ಅದೂ ಈಗ ಹೊಸದಾಗಿ ಉರಿಯತೊಡಗಿತು.

ಶಾಲೆಯ ಆಫೀಸಿನಲ್ಲಿ ಫೈಲುಗಳನ್ನು ನೋಡಿಕೊಳ್ಳುವ ಬಜಪೆಯ ಅಲೋಶಿಯಸ್ ಬಳಿ ಹೋದಳು.

"ಇಬ್ಬರ ಸರ್ಟಿಫಿಕೇಟನ್ನೂ ಯೂನಿವರ್ಸಿಟಿಗೆ ಕಳಿಸಿ ವೆರಿಫೈ ಮಾಡಿಸಿ. ನನ್ನದರ ಹಿಂದೆ ನಾಲ್ಕು ಸೀಲ್ ಉಂಟು, ಎಂಬಸಿಯದ್ದೂ ಸೇರಿ. ಅವಳದ್ದರಲ್ಲಿ ಒಂದು ಸ್ಟಿಕ್ಕರ್ ಅಂಟಿಸಿದ್ದು ಮಾತ್ರ."

"ಈಗ ಎಂಬಸಿ ಸೀಲಿನ ಬದಲು ಸ್ಟಿಕ್ಕರೇ ಬರುವುದು ಟೀಚರ್. ಸುಮ್ಮನೆ ಯಾಕೆ ಕೆದಕುದು? ಸೀನಿಯರ್ ನೀವೇ ಅಲ್ವಾ, ಸಿಗ್ತದೆ."

"ನಿಮಗೆ ಅವಳ ಮೇಲೆ ಭಾರೀ ಪ್ರೀತಿ."

"ನನಗೆ ಫೈಲಿನ ಮೇಲೆ ಮಾತ್ರ ಪ್ರೀತಿ. ಬರೆದು ಕೊಡಿ, ಕಳಿಸ್ತೇನೆ."

ಬರೆದುಕೊಟ್ಟಳು. ಎರಡು ತಿಂಗಳಿಗೆ ಉತ್ತರ ಬಂತು. ಪ್ರಣೀತಾಳದು ಸರಿಯಾಗಿತ್ತು. ಸೌಮ್ಯಶ್ರೀಯದು ಬೇರೆ ರಾಜ್ಯದ ವಿಶ್ವವಿದ್ಯಾಲಯದ ಪದವಿ. ಓದಿದ್ದು ಮಂಗಳೂರಿನ ಬೇಕರಿಯೊಂದರ ಮಾಳಿಗೆಯ ಸೆಂಟರಿನಲ್ಲಿ, ಭಾನುವಾರ ಭಾನುವಾರ. ಸಹಿ ನಮ್ಮದೇ, ಆದರೆ ರಾಜ್ಯದ ಹೊರಗೆ ಆ ಸೆಂಟರ್ ನಡೆಸಲು ಅನುಮತಿ ಇರಲಿಲ್ಲ, ಆ ಕೋರ್ಸಿಗೆ ಶಿಕ್ಷಕ ಶಿಕ್ಷಣ ಮಂಡಳಿಯ ಮಾನ್ಯತೆಯೂ ಇರಲಿಲ್ಲ ಎಂದು ವಿಶ್ವವಿದ್ಯಾಲಯ ಬರೆದಿತ್ತು. ಮಾನ್ಯತೆಯ ಬಿ.ಎಡ್. ಇಲ್ಲದೆ ಬಡ್ತಿ ಇಲ್ಲವೆಂಬುದು ಶಾಲೆಯ ನಿಯಮ.

"ಹಾಗಾದರೆ ಹದಿನಾರು ವರ್ಷ ಹೇಗೆ ನಡೆಯಿತು?" ಎಂದು ಕೇಳಿದಳು.

"ಯಾರೂ ಕೇಳಲಿಲ್ಲ ಟೀಚರ್," ಎಂದ ಅಲೋಶಿಯಸ್. "ಕೇಳಿದ್ದು ನೀವೇ."

ಪಾಠ ಮಾಡಿಸಿಕೊಳ್ಳಲು ಸಾಕಾದ ಕಾಗದ ಬಡ್ತಿ ಕೊಡುವಾಗ ಸಾಲದೆ ಹೋಯಿತು. ಪರೀಕ್ಷಿಸದೆ ಕೆಲಸ ಕೊಟ್ಟ ಶಾಲೆಗೆ ಇದರಲ್ಲಿ ನಷ್ಟವಿಲ್ಲ. ಸೀಟು ಮಾರಿದವನಂತೂ ಆರಾಮಾಗಿದ್ದಾನೆ. ಸೌಮ್ಯಶ್ರೀಯ ಸಿಟ್ಟು ಇವರ ಕಡೆ ತಿರುಗಬೇಕಿತ್ತು. ತಿರುಗಲಿಲ್ಲ. ಅವಳ ಕಣ್ಣೆಲ್ಲ ಮೂಲೆಯ ಹೊಸ ಕ್ಯಾಬಿನ್ನಿನ ಮೇಲೆ, ಅದರ ಬಾಗಿಲಿನ ಪ್ರಣೀತಾಳ ಹೆಸರಿನ ಮೇಲೆ.

ಹುದ್ದೆಗೆ ಬಂದ ಮೂರನೇ ವಾರ ಆ ಹೆಸರಿನವಳು ಪಾಠ ನೋಡಲು ಬಂದು ಹಿಂದಿನ ಬೆಂಚಿನಲ್ಲಿ ಕೂತಳು. ಸೌಮ್ಯಶ್ರೀ ಖುಬ್ಬೂಸ್ ಹರಿದಳು. ಕಣ್ಣು ಹಿಂದಿನ ಬೆಂಚಿಗೆ ಹೋಗಿ ಕಾಲು ಭಾಗ ಮೂರನೇ ಒಂದರಷ್ಟಾಯಿತು, ಮಕ್ಕಳು ನಕ್ಕರು. ಗಂಟೆಯಾದ ಮೇಲೆ ಪ್ರಣೀತಾ ಕಾರಿಡಾರಿನಲ್ಲಿ ಕಾದಿದ್ದಳು.

"ಅಕ್ಕ, ಹೊಸಬರ ಟ್ರೈನಿಂಗಿನಲ್ಲಿ ಇದನ್ನೇ ಮಾಡಿ ತೋರಿಸಿದೆ. ನಿಮ್ಮ ಹೆಸರು ಹೇಳಿದ್ದೇನೆ."

"ಹೆಸರು ಹೇಳಿದ್ಯಾ. ದೊಡ್ಡ ಉಪಕಾರ."

ಪ್ರಣೀತಾ ಅದನ್ನು ನುಂಗಿಕೊಂಡಳು. "ಆ ಸೆಂಟರಿನವ ಈಗಲೂ ಸೀಟು ಕೊಡ್ತಾ ಇದ್ದಾನಂತೆ, ಆನ್‌ಲೈನಿನಲ್ಲಿ, ಅಕ್ಕ. ನಮ್ಮ ಊರವರ ವಾಟ್ಸಾಪ್ ಗ್ರೂಪಿನಲ್ಲಿ ಈ ವಾರ ಯಾರೋ ಜಾಹೀರಾತು ಹಾಕಿದ್ರು. ಎರಡನೇ ಕ್ಲಾಸಿನ ಟೀಚರ್ ಮಾನ್ಯಾ ಸೇರ್ತಾಳಂತೆ. ನಾನು ಹೇಳಿದ್ರೆ ಕುರ್ಚಿ ಸಿಕ್ಕಿದ್ದಕ್ಕೆ ದೊಡ್ಡಸ್ತಿಕೆ ಅಂತಾಳೆ. ನೀವು ಹೇಳಿದ್ರೆ ನಂಬ್ತಾಳೆ."

ಸೌಮ್ಯಶ್ರೀ ಆ ಜಾಹೀರಾತು ನೋಡಿದ್ದಳು. ಅದರ ಕೆಳಗೆ ಮಾನ್ಯಾ ಒತ್ತಿದ ಹೆಬ್ಬೆರಳಿನ ಚಿತ್ರವನ್ನೂ ನೋಡಿದ್ದಳು. ನಾಲ್ಕು ದಿನ ಬಾಯಿ ಬಿಟ್ಟಿರಲಿಲ್ಲ. ಇಪ್ಪತ್ತಾರರ ಹುಡುಗಿ, ಇನ್ನೂ ಎಲ್ಲ ಬಾಕಿ ಇರುವವಳು. ತನಗೆ ಆದದ್ದು ಇನ್ನೊಬ್ಬಳಿಗೂ ಆಗಲಿ, ಆಗ ಕಾರಿಡಾರಿನಲ್ಲಿ ನಡೆಯುವಾಗ ತಾನು ಒಬ್ಬಳೇ ಅಲ್ಲ ಎಂದು ಒಳಗೊಂದು ದನಿ ಹೇಳಿತ್ತು. ಆ ದನಿ ತನ್ನದೇ ಎಂದು ಗೊತ್ತಾದಾಗ ಅವಳಿಗೆ ಪ್ರಣೀತಾಳ ಮುಖ ನೋಡಲಾಗಲಿಲ್ಲ.

ಸ್ಟಾಫ್ ರೂಮಿನಲ್ಲಿ ಕೂತು ಫೋನು ತೆಗೆದಳು. "ಈ ಸೆಂಟರಿಗೆ ಸೇರಬೇಡಿ, ನಾನು ಅಲ್ಲಿಯೇ ಓದಿ" ಎಂದು ಬರೆದಳು. ಮುಂದಿನದು ಬರೆದರೆ ಗ್ರೂಪಿನ ಮುನ್ನೂರು ಜನಕ್ಕೆ ತನ್ನ ಬಿ.ಎಡ್. ಏನೆಂದು ತಿಳಿಯುತ್ತದೆ. ಬೆರಳು ಅಲ್ಲೇ ನಿಂತಿತು. ಇನ್ನೂ ನಿಂತಿದೆ.

ಅದೇ ಜಾಹೀರಾತು ನಿಮ್ಮ ಗ್ರೂಪಿನಲ್ಲೂ ಇದೆ. ಅವಳ ಬೆರಳಿಗಾಗಿ ಕಾಯಬೇಡಿ. ಮಾನ್ಯತೆಯ ಆದೇಶದ ಪ್ರತಿ ಎಲ್ಲಿ, ಯಾವ ವರ್ಷದ್ದು ಎಂದು ಅದರ ಕೆಳಗೆ, ಎಲ್ಲರಿಗೂ ಕಾಣುವಂತೆ, ಇವತ್ತೇ ಕೇಳಿ.