ಕಟ್ ಹೇಳಿದ ಮೇಲೆ

ಬಾಹ್ಯಾಕಾಶದ ಸಿನಿಮಾ ಎಡಿಟ್ ಮಾಡುತ್ತೇನೆ ಎಂದರೆ ನನ್ನ ಕೈಯಲ್ಲಿ ಏನೋ ದೊಡ್ಡ ಪ್ರಯೋಗಾಲಯವೇ ಇದೆ ಎಂದು ಜನ ಅಂದುಕೊಳ್ಳುತ್ತಾರೆ. ವಡೋದರಾದ ಫತೇಗಂಜ್‌ನಲ್ಲಿ ಸೇವ್ ಉಸಳ್ ಎಂಬ ತಿಂಡಿಯ ಅಂಗಡಿಯ ಮೇಲೊಂದು ಬಾಡಿಗೆ ಕೋಣೆ, ಕಂಪ್ಯೂಟರು, ಬೆನ್ನು ಮುರಿಯುವ ಕುರ್ಚಿ, ಇಷ್ಟೇ ನನ್ನ ಸಂಸ್ಥಾನ. ನಮ್ಮ ಆಕಾಶನೌಕೆಯಂತೂ ಸೂರತ್‌ನಲ್ಲಿ ಮುಚ್ಚಿಹೋದ ಒಂದು ಮಗ್ಗದ ಶೆಡ್ಡು. ಅದಕ್ಕೆ ಬೆಳ್ಳಿ ಬಣ್ಣ ಬಳಿದು, ಅದು ಮಂಗಳಗ್ರಹಕ್ಕೆ ಹೊರಟಿದೆ ಎಂದು ನಿರ್ದೇಶಕರು ನಿಜಕ್ಕೂ ನಂಬಿದ್ದರು. ಅವರು ನಂಬದಿದ್ದರೆ ನನ್ನ ಹೊಟ್ಟೆಪಾಡು ನಡೆಯುತ್ತಿರಲಿಲ್ಲ.

ನೌಕೆಯ ಕ್ಯಾಪ್ಟನ್ ಪಾತ್ರ ಮಾಡಿದವರು ಧಾರವಾಡದ ಕಡೆಯವರು. ಕೇಂದ್ರ ಸರ್ಕಾರದ ನೌಕರಿಯಿಂದ ನಿವೃತ್ತರಾಗಿ ಅಹಮದಾಬಾದಿನ ಚಾಂದ್‌ಖೇಡಾದಲ್ಲೇ ನೆಲೆಸಿ, ಗುಜರಾತಿ ನಾಟಕಗಳಲ್ಲಿ ಹೆಸರು ಮಾಡಿದ್ದರು. ಹಿಂದಿನ ಸಿನಿಮಾದಲ್ಲೂ ಅವರ ದೃಶ್ಯಗಳನ್ನು ನಾನೇ ಕತ್ತರಿಸಿದ್ದೆ. ಕನ್ನಡದವಳು ಸಿಕ್ಕಳೆಂದು ಆಗಾಗ ಫೋನ್ ಮಾಡಿ ಕಾಡಿಸುತ್ತಿದ್ದರು: "ಏನವಾ ತಂಗಿ, ನನ್ನ ಹೊಟ್ಟಿ ಸಣ್ಣ ಕಾಣೂ ಹಂಗ ಕತ್ತರಸು." ಅವರೆಂದರೆ ನನಗೆ ಬಲು ಇಷ್ಟ.

ಸೂರತ್‌ನಿಂದ ಹಾರ್ಡ್‌ಡಿಸ್ಕ್‌ಗಳು ಬಂದವು. ಪ್ರೇಕ್ಷಕರು ನೋಡುವುದು "ಆ್ಯಕ್ಷನ್" ಮತ್ತು "ಕಟ್" ನಡುವಿನದನ್ನು ಮಾತ್ರ. ನನಗೆ ಅದರ ಮುಂಚಿನದೂ ಆಮೇಲಿನದೂ ಸಿಗುತ್ತದೆ. ನಟರು ಬೆವರು ಒರೆಸಿಕೊಳ್ಳುವುದು, ಮೇಕಪ್‌ನವರನ್ನು ಬೈಯುವುದು ಎಲ್ಲ ಅದರಲ್ಲಿರುತ್ತದೆ. ಈ ಸಲ ಕಟ್ ಹೇಳಿದ ಮೇಲೂ ಕ್ಯಾಪ್ಟನ್ ಅಲ್ಲೇ ನಿಂತಿರುತ್ತಿದ್ದರು. ಒಮ್ಮೆ ಪಕ್ಕದವರನ್ನು ಕೇಳಿದರು, ಇದು ಯಾವ ನಾಟಕ ಎಂದು. ಎಲ್ಲರೂ ನಕ್ಕರು. ಅವರೂ ನಕ್ಕರು, ಸ್ವಲ್ಪ ತಡವಾಗಿ.

ನಿರ್ದೇಶಕರಿಗೆ ಆ ಖಾಲಿ ನೋಟದ ಹುಚ್ಚು ಹಿಡಿದಿತ್ತು. ಒಂಟಿತನವನ್ನು ಹೀಗೆ ಅಭಿನಯಿಸುವವರು ಇನ್ನೊಬ್ಬರಿಲ್ಲ, ಒಂದು ಫ್ರೇಮೂ ಬಿಡಬೇಡ ಎಂದರು. ಅಭಿನಯವಾಗಿದ್ದರೆ ಕಟ್ ಆದಮೇಲೂ ಯಾಕೆ ಮುಂದುವರಿಯುತ್ತದೆ ಎಂದು ಕೇಳಿದೆ. ದಣಿವು ಎಂದರು.

ಸಿನಿಮಾವನ್ನು ಯಾರೂ ಕಥೆಯ ಕ್ರಮದಲ್ಲಿ ಚಿತ್ರೀಕರಿಸುವುದಿಲ್ಲ. ಹಾಗಾಗಿ ಕಥೆಯಂತೆ ಜೋಡಿಸಿದಾಗ ಕ್ಯಾಪ್ಟನ್ ಒಂದು ದೃಶ್ಯದಲ್ಲಿ ಚುರುಕು, ಮುಂದಿನದರಲ್ಲಿ ಮಂಕು, ಮತ್ತೆ ಚುರುಕು. ಯಾರಿಗೂ ಅನುಮಾನ ಬರುವಂತಿರಲಿಲ್ಲ. ನಾನು ಕಥೆಯನ್ನು ಬದಿಗಿಟ್ಟು, ಎಸೆಯಬೇಕಾದ ತುಣುಕುಗಳನ್ನೆಲ್ಲ ಚಿತ್ರೀಕರಣದ ದಿನಗಳ ಪ್ರಕಾರ ಜೋಡಿಸಿದೆ. ಏಳುಬೀಳು ಮಾಯವಾಯಿತು. ಉಳಿದದ್ದು ಬರೀ ಇಳಿಜಾರು. ಮೊದಮೊದಲು ಒಂದು ಮಾತಿಗೆ ತಡವರಿಸುತ್ತಿದ್ದವರು ಕೊನೆಕೊನೆಗೆ ಶೆಡ್ಡಿನ ಬಾಗಿಲು ಯಾವ ಕಡೆಗಿದೆ ಎಂದು ಹುಡುಕುತ್ತಿದ್ದರು. ನನಗೆ ಭಯವಾಯಿತು. ಇನ್ನೊಮ್ಮೆ ನೋಡುವ ಧೈರ್ಯ ಬರಲಿಲ್ಲ.

ಅವರ ಹೆಂಡತಿಗೆ, ನಾನು ಆಂಟಿ ಎಂದು ಕರೆಯುವವರಿಗೆ, ಫೋನ್ ಮಾಡಿ, ಒಮ್ಮೆ ಡಾಕ್ಟರಿಗೆ ತೋರಿಸಿ ಎಂದೆ. "ಅವರು ಮೊದಲಿಂದ್ಲೂ ಹಂಗ, ಮರಗುಳಿ. ನೀ ಸುಮ್ನ ತಲಿ ಕೆಡಿಸ್ಕೋಬ್ಯಾಡ," ಎಂದು ಇಟ್ಟುಬಿಟ್ಟರು.

ಆ ಭಾನುವಾರ ಲ್ಯಾಪ್‌ಟಾಪ್ ಹೊತ್ತು ಚಾಂದ್‌ಖೇಡಾಕ್ಕೆ ಹೋದೆ. ಆಂಟಿ ಮುಖ ಬಿಗಿದುಕೊಂಡೇ ಬಾಗಿಲು ತೆರೆದು, ಚಹಾ ಮಾಡಲು ಒಳಗೆ ಹೋದರು. ಸರ್ ಮಾತ್ರ ನನ್ನನ್ನು ಕಂಡು ಹಿಗ್ಗಿದರು.

"ಬಾ ತಂಗಿ, ಹೊಸಾ ಸಿನಿಮಾ ತಂದೀಯೇನ?"

"ಸರ್, ಏನೋ ತೋರಿಸ್ಬೇಕಿತ್ತು. ಪೂರ್ತಿ ನೋಡಿಬಿಡಿ, ಆಮೇಲೆ ಮಾತಾಡೋಣ."

ಅವರು ಕನ್ನಡಕ ಸರಿಮಾಡಿಕೊಂಡು ಮೊದಲಿನಿಂದ ಕೊನೆಯವರೆಗೂ ನೋಡಿದರು. ತಾವು ಬಾಗಿಲು ಹುಡುಕುವ ತುಣುಕು ಬಂದಾಗ ಪರದೆಯತ್ತ ಬಾಗಿದರು. ಮುಗಿಯಿತು. ನಾನು ಲ್ಯಾಪ್‌ಟಾಪ್ ಮುಚ್ಚಿದೆ.

ಆಂಟಿ ಚಹಾ ತಂದರು. ಸರ್ ನನ್ನ ಕಡೆ ತಿರುಗಿ, ಅದೇ ಹಿಗ್ಗಿನಿಂದ ಕೇಳಿದರು:

"ಏನೋ ತೋರಸ್ತೀನಿ ಅಂದಿದ್ಯಲ್ಲಾ ತಂಗಿ, ಎಲ್ಲೈತಿ? ಹಚ್ಚು ಮತ್ತ."

ನಾನು ಆಂಟಿಯ ಮುಖ ನೋಡಿದೆ. ಅವರು ಟ್ರೇ ಕೆಳಗಿಟ್ಟು, ಗಂಡನ ಪಕ್ಕದಲ್ಲಿ ಕೂತು, ಸೆರಗಿಗೆ ಕೈ ಒರೆಸಿಕೊಂಡರು.

"ಹಚ್ಚವಾ," ಎಂದರು. "ಈ ಸಲ ನಾನೂ ನೋಡ್ತೀನಿ."